ಹೊಕ್ಕುಳಬಳ್ಳಿ ಮುಂದಾದ ಹೆರಿಗೆ: ಸೂಲಗಿತ್ತಿ ಪರಂಪರೆಯ ಅರಿವು, ಮಿತಿ ಮತ್ತು ಮೌನ

ಜೀವನಾವರ್ತನದ ಆಚರಣೆಗಳಿಗೆ ಕರ್ನಾಟಕದ ಜಾನಪದ ಅಧ್ಯಯನದಲ್ಲಿ ಮೊದಲಿನಿಂದಲೂ ಪ್ರಮುಖ ಸ್ಥಾನವಿದೆ. ಬಸುರಿಯ ಬಯಕೆ, ಸೀಮಂತ, ಪುರುಡು, ತೊಟ್ಟಿಲ ಶಾಸ್ತ್ರ, ಬಾಣಂತನ ಇವುಗಳಿಗೆ ಸಂಬಂಧಿಸಿದ ಹಾಡು, ಕಥೆ, ನಂಬಿಕೆಗಳ ಸಂಗ್ರಹಕಾರ್ಯ ಗಣನೀಯ ಪ್ರಮಾಣದಲ್ಲಿ ನಡೆದಿದೆ. ಆದರೆ ಬಯಕೆಯ ಹಾಡಿಗೂ ತೊಟ್ಟಿಲ ಹಾಡಿಗೂ ನಡುವೆ ಇರುವ ಹೆರಿಗೆಯ ಗಳಿಗೆ ಅಷ್ಟಾಗಿ ಅಧ್ಯಯನಕ್ಕೆ ಒಳಗಾಗಿಲ್ಲ. ಅದರಲ್ಲಿಯೂ ಹೆರಿಗೆ ಕೆಟ್ಟ ಸಂದರ್ಭಗಳು, ಮಗು ಉಳಿಯದ ಸಂದರ್ಭಗಳು ಸಂಗ್ರಹಕಾರರ ಗಮನಕ್ಕೆ ಬಂದದ್ದು ವಿರಳ. ಸೂಲಗಿತ್ತಿಯನ್ನು ಕುರಿತ ಬರವಣಿಗೆ ಸಾಮಾನ್ಯವಾಗಿ ಎರಡು ತುದಿಗಳಲ್ಲಿ ನಿಂತಿದೆ. ವಸಾಹತುಕಾಲದ ವರದಿಗಳು ಅವಳನ್ನು ಕೊಳಕು ಕೈಯ ಅಜ್ಞಾನಿಯೆಂದು ಬಣ್ಣಿಸಿದರೆ, ದೇಶಿ ಜ್ಞಾನದ ಪ್ರತಿಪಾದಕರು ಅವಳನ್ನು ಎಲ್ಲವನ್ನೂ ಬಲ್ಲ ಜನಪದ ವೈದ್ಯೆಯೆಂದು ಕೊಂಡಾಡಿದ್ದಾರೆ. ಈ ಎರಡೂ ನಿಲುವುಗಳನ್ನು ಒರೆಗೆ ಹಚ್ಚಬಲ್ಲ ಒಂದು ಪ್ರಸವಸಂಕಟವೆಂದರೆ ಮಗುವಿಗಿಂತ ಮೊದಲು ಹೊಕ್ಕುಳಬಳ್ಳಿ ಹೊರಬರುವುದು. ಈ ಸಂಕಟವನ್ನು ಜನಪದರು ಹೇಗೆ ಗ್ರಹಿಸಿದರು, ಅದನ್ನು ಕುರಿತು ಪರಂಪರೆ ಏಕೆ ಮೌನವಾಗಿದೆ ಎಂಬುದನ್ನು ಪ್ರಸ್ತುತ ಲೇಖನದಲ್ಲಿ ಪರಿಶೀಲಿಸಲಾಗಿದೆ.

ಸಂಕಟದ ಸ್ವರೂಪ

ಗರ್ಭದಲ್ಲಿರುವ ಶಿಶುವಿಗೆ ತಾಯಿಯಿಂದ ಪ್ರಾಣವಾಯುವೂ ಆಹಾರವೂ ದೊರೆಯುವುದು ಹೊಕ್ಕುಳಬಳ್ಳಿಯ ಮೂಲಕ. ಸಹಜ ಹೆರಿಗೆಯಲ್ಲಿ ಮಗುವಿನ ತಲೆ ಗರ್ಭದ್ವಾರವನ್ನು ತುಂಬಿ ಕುಳಿತಿರುವುದರಿಂದ ಉಮ್ಮನೀರಿನ ಚೀಲ ಒಡೆದರೂ ಬಳ್ಳಿ ಕೆಳಗೆ ಜಾರಲು ಎಡೆಯಿರುವುದಿಲ್ಲ. ಮಗು ಅಡ್ಡವಾಗಿದ್ದರೆ, ಕಾಲು ಮುಂದಾಗಿದ್ದರೆ, ದಿನ ತುಂಬದೆ ಚಿಕ್ಕದಾಗಿದ್ದರೆ, ಉಮ್ಮನೀರು ಹೆಚ್ಚಾಗಿದ್ದರೆ, ಅಥವಾ ಅವಳಿಯಲ್ಲಿ ಎರಡನೆಯ ಕೂಸಾಗಿದ್ದರೆ ತಲೆಗೂ ಗರ್ಭದ್ವಾರಕ್ಕೂ ನಡುವೆ ತೆರಪು ಉಳಿಯುತ್ತದೆ. ಆಗ ನೀರು ಒಡೆದ ರಭಸಕ್ಕೆ ಬಳ್ಳಿ ಮುಂದಾಗಿ ಇಳಿಯಬಹುದು. ಅದರ ಹಿಂದೆಯೇ ಇಳಿಯುವ ಮಗುವಿನ ಶರೀರವು ತನ್ನದೇ ಬಳ್ಳಿಯನ್ನು ತಾಯಿಯ ಎಲುಬಿಗೆ ಒತ್ತಿಹಿಡಿಯುತ್ತದೆ. ಹೊರಗಿನ ತಂಪು ತಾಗಿದ ಬಳ್ಳಿಯ ರಕ್ತನಾಳಗಳು ಸಂಕುಚಿಸುವುದೂ ಉಂಟು. ಎರಡರಿಂದಲೂ ಮಗುವಿಗೆ ಪ್ರಾಣವಾಯು ತಪ್ಪುತ್ತದೆ.

ಇಂತಹ ಪ್ರಸಂಗ ಒಂದು ಸಾವಿರ ಹೆರಿಗೆಗಳಲ್ಲಿ ಒಂದರಿಂದ ಆರರಷ್ಟು ಸಂಭವಿಸುತ್ತದೆ ಎಂದು ವೈದ್ಯಕೀಯ ಅಧ್ಯಯನಗಳು ಲೆಕ್ಕಹಾಕಿವೆ. ವಿರಳವಾದರೂ ಇದಕ್ಕೆ ಎರಡು ವಿಶೇಷ ಲಕ್ಷಣಗಳಿವೆ. ಮೊದಲನೆಯದು, ಇಲ್ಲಿ ಕಾಲದ ಅಳತೆ ಗಂಟೆಗಳದ್ದಲ್ಲ, ನಿಮಿಷಗಳದ್ದು. ಎರಡನೆಯದು, ತಾಯಿಗೆ ಇದರಿಂದ ಹೆಚ್ಚುವರಿ ನೋವಾಗಲೀ ನೇರವಾದ ಪ್ರಾಣಭಯವಾಗಲೀ ಇರುವುದಿಲ್ಲ. ಸಾಯುವುದು ಮಗು, ಅದೂ ಸದ್ದಿಲ್ಲದೆ. ಈ ಎರಡು ಲಕ್ಷಣಗಳು ಮುಂದಿನ ಚರ್ಚೆಗೆ ಮುಖ್ಯವಾಗುತ್ತವೆ.

ಶಾಸ್ತ್ರಗ್ರಂಥಗಳ ನೋಟ

ಪ್ರಾಚೀನ ಭಾರತೀಯ ವೈದ್ಯಶಾಸ್ತ್ರವು ಕಷ್ಟಪ್ರಸವವನ್ನು ‘ಮೂಢಗರ್ಭ’ ಎಂಬ ಪರಿಕಲ್ಪನೆಯ ಅಡಿಯಲ್ಲಿ ವಿವೇಚಿಸಿದೆ. ಸುಶ್ರುತಸಂಹಿತೆಯ ನಿದಾನಸ್ಥಾನದಲ್ಲಿ ಕೀಲ, ಪ್ರತಿಖುರ, ಬೀಜಕ, ಪರಿಘ ಎಂಬ ನಾಲ್ಕು ಬಗೆಗಳ ಉಲ್ಲೇಖವಿದೆ. ಗೂಟದಂತೆ ಸಿಕ್ಕಿಕೊಂಡದ್ದು ಕೀಲ. ಕೈಕಾಲು ತಲೆಗಳು ಹೊರಬಂದು ಮುಂಡ ಸಿಕ್ಕಿದ್ದು ಪ್ರತಿಖುರ. ಒಂದು ತೋಳಿನೊಡನೆ ತಲೆ ಬಂದದ್ದು ಬೀಜಕ. ಬಾಗಿಲಿಗೆ ಹಾಕಿದ ಅಗಳಿಯಂತೆ ಅಡ್ಡ ನಿಂತದ್ದು ಪರಿಘ. ವಿಕೃತವಾದ ವಾಯುವಿನ ಒತ್ತಡದಿಂದ ಗರ್ಭವು ಹಲವು ರೀತಿಗಳಲ್ಲಿ ದ್ವಾರವನ್ನು ಸೇರುವುದರಿಂದ ಇಂತಹ ಎಣಿಕೆ ಸಾಲದು ಎಂದೂ ಗ್ರಂಥವೇ ಒಪ್ಪಿಕೊಳ್ಳುತ್ತದೆ. ಈ ವರ್ಗೀಕರಣದ ಆಧಾರ ಶಿಶುವಿನ ಅವಯವಗಳು. ಹೊಕ್ಕುಳಬಳ್ಳಿಯಲ್ಲ ಎಂಬುದು ಗಮನಾರ್ಹ. ಬಳ್ಳಿಯ ಪ್ರಸ್ತಾಪ ವಿಸ್ತಾರವಾಗಿ ಬರುವುದು ಮಗು ಹುಟ್ಟಿದ ಮೇಲೆ: ಎಂಟು ಅಂಗುಲ ಬಿಟ್ಟು ದಾರದಿಂದ ಕಟ್ಟಿ, ಕತ್ತರಿಸಿ, ದಾರದ ತುದಿಯನ್ನು ಕೂಸಿನ ಕೊರಳಿಗೆ ಕಟ್ಟಬೇಕೆಂಬ ವಿಧಿಯಲ್ಲಿ. ಕನ್ನಡದ ಪ್ರಾಚೀನ ವೈದ್ಯಗ್ರಂಥಗಳಲ್ಲೊಂದಾದ ದೇವೇಂದ್ರಮುನಿಯ ‘ಬಾಲಗ್ರಹಚಿಕಿತ್ಸೆ’ಯ ವಸ್ತುವೂ ಹುಟ್ಟಿದ ಮಗುವಿನ ಬಾಧೆಗಳೇ.

ಶಾಸ್ತ್ರವು ಸಹಜ ಹೆರಿಗೆಯನ್ನು ವೈದ್ಯನಿಗೆ ವಹಿಸಿರಲಿಲ್ಲ ಎಂಬುದೂ ಇಲ್ಲಿ ನೆನಪಿಡಬೇಕಾದ ಸಂಗತಿ. ಪ್ರಸವಕಾರ್ಯದಲ್ಲಿ ನುರಿತ, ವಯಸ್ಸಾದ, ಉಗುರು ಕತ್ತರಿಸಿಕೊಂಡ ನಾಲ್ವರು ಹೆಂಗಸರು ಬಸುರಿಯ ಬಳಿ ಇರಬೇಕೆಂದು ಸುಶ್ರುತ ವಿಧಿಸುತ್ತಾನೆ. ಹಲವು ಬಾರಿ ಹೆತ್ತವರು ಜೊತೆಗಿರಬೇಕೆಂದು ಚರಕಸಂಹಿತೆ ಹೇಳುತ್ತದೆ. ವೈದ್ಯ ಬರುವುದು ಗರ್ಭ ಸಿಕ್ಕಿಕೊಂಡಾಗ. ಕಾಣದ ಎಡೆಯಲ್ಲಿ ಸ್ಪರ್ಶವೊಂದನ್ನೇ ನೆಚ್ಚಿ ಮಾಡಬೇಕಾದ ಆ ಕೆಲಸಕ್ಕಿಂತ ಕಷ್ಟದ್ದು ಬೇರೊಂದಿಲ್ಲ ಎಂಬ ಅರಿವು ಸುಶ್ರುತನಿಗಿದೆ. ತಾಯಿ ಸತ್ತು ಹೊಟ್ಟೆಯಲ್ಲಿ ಮಗು ಮಿಸುಕುತ್ತಿದ್ದರೆ ಒಡನೆ ಉದರವನ್ನು ಸೀಳಿ ಹೊರತೆಗೆಯಬೇಕೆಂಬ ಸೂಚನೆಯೂ ಅಲ್ಲಿದೆ. ಆದರೆ ತಾಯಿಯೂ ಬದುಕಿ, ಮಗುವೂ ಬದುಕಿರುವಾಗ ಉದರವನ್ನು ತೆರೆಯುವ ದಾರಿ ಆ ಕಾಲಕ್ಕೆ ಇರಲಿಲ್ಲ. ಬಳ್ಳಿ ಮುಂದಾದ ಮಗುವಿಗೆ ಬೇಕಾಗಿದ್ದದ್ದು ಆ ದಾರಿಯೇ.

ಸೂಲಗಿತ್ತಿಯ ಅರಿವು

ಕನ್ನಡದಲ್ಲಿ ‘ಸೂಲು’ ಎಂದರೆ ಹೆರಿಗೆ. ಮನುಷ್ಯರಿಗೂ ದನಕರುಗಳಿಗೂ ಈ ಶಬ್ದ ಸಮಾನವಾಗಿ ಸಲ್ಲುತ್ತದೆ. ‘ಎರಡನೆಯ ಸೂಲಿನ ಹಸು’ ಎಂಬ ಬಳಕೆ ಇಂದಿಗೂ ಇದೆ. ಸೂಲು ಮಾಡಿಸುವವಳು ಸೂಲಗಿತ್ತಿ. ಕೆಲವೆಡೆ ನಾವಿಂದ ಸಮುದಾಯದ ಹೆಂಗಸರು, ಕೆಲವೆಡೆ ದಲಿತ ಮಹಿಳೆಯರು, ಹಲವೆಡೆ ಯಾವುದೇ ಜಾತಿಯ ಅನುಭವಸ್ಥ ಹಿರಿಯಳು ಈ ಕೆಲಸ ನಿರ್ವಹಿಸುತ್ತಿದ್ದರು. ಅಜ್ಜಿಯಿಂದ ಮೊಮ್ಮಗಳಿಗೆ, ಅತ್ತೆಯಿಂದ ಸೊಸೆಗೆ ಈ ವಿದ್ಯೆ ಕೈಯಿಂದ ಕೈಗೆ ದಾಟುತ್ತಿತ್ತು. ಪ್ರತಿಫಲವೆಂದರೆ ಮೊರದಲ್ಲಿಟ್ಟ ಅಕ್ಕಿ, ಬೆಲ್ಲ, ತೆಂಗಿನಕಾಯಿ, ಎಲೆಯಡಿಕೆ, ಕುಪ್ಪಸದ ಕಣ. ತುಮಕೂರು ಜಿಲ್ಲೆಯ ಪಾವಗಡ ತಾಲ್ಲೂಕಿನ ಕೃಷ್ಣಾಪುರದ ಸೂಲಗಿತ್ತಿ ನರಸಮ್ಮನವರು (1920–2018) ಈ ಪರಂಪರೆಯ ಬಹುಮಾನ್ಯ ಪ್ರತಿನಿಧಿ. ಅಜ್ಜಿಯಿಂದ ವಿದ್ಯೆ ಕಲಿತ ಅವರು ಹದಿನೈದು ಸಾವಿರಕ್ಕೂ ಹೆಚ್ಚು ಹೆರಿಗೆಗಳನ್ನು ಹಣ ಪಡೆಯದೆ ಮಾಡಿಸಿದರೆಂದು ದಾಖಲಾಗಿದೆ. ತುಮಕೂರು ವಿಶ್ವವಿದ್ಯಾನಿಲಯ ಅವರಿಗೆ 2014ರಲ್ಲಿ ಗೌರವ ಡಾಕ್ಟರೇಟ್ ನೀಡಿತು. 2018ರಲ್ಲಿ ಪದ್ಮಶ್ರೀ ಸಂದಿತು.

ಬಳ್ಳಿಯನ್ನು ಕುರಿತ ಸೂಲಗಿತ್ತಿಯ ಅರಿವು ಕಡಿಮೆಯದೇನಲ್ಲ. ಮಾಸು ಬೀಳುವವರೆಗೆ, ಇಲ್ಲವೇ ಬಳ್ಳಿಯ ಮಿಡಿತ ನಿಲ್ಲುವವರೆಗೆ ಅದನ್ನು ಕತ್ತರಿಸಬಾರದೆಂಬ ರೂಢಿ ಹಲವು ಕಡೆಗಳಲ್ಲಿತ್ತು. ಹುಟ್ಟಿದ ಕೂಸು ಅಳದಿದ್ದಾಗ ಬಳ್ಳಿಯನ್ನು ಕತ್ತರಿಸದೆ ಮಾಸಿಗೆ ಶಾಖ ಕೊಡುವ ಪದ್ಧತಿ ಭಾರತದ ಬೇರೆ ಬೇರೆ ಭಾಗಗಳಲ್ಲಿ ದಾಖಲಾಗಿದೆ. ಬಳ್ಳಿಯಲ್ಲಿ ಜೀವ ಹರಿಯುತ್ತದೆ, ಅದರ ಮಿಡಿತವೇ ಕೂಸಿನ ಮಿಡಿತ ಎಂಬ ತಿಳಿವಳಿಕೆ ಈ ಆಚರಣೆಗಳ ಹಿಂದಿದೆ. ಆಧುನಿಕ ಪ್ರಸೂತಿವಿಜ್ಞಾನವೂ ಒಂದು ಕಾಲಕ್ಕೆ ಬಳ್ಳಿಯನ್ನು ಕೂಡಲೇ ಕತ್ತರಿಸುವ ರೂಢಿಯಲ್ಲಿದ್ದು, ಈಚಿನ ದಶಕಗಳಲ್ಲಿ ಕನಿಷ್ಠ ಒಂದು ನಿಮಿಷವಾದರೂ ತಡೆಯುವುದು ಒಳಿತೆಂಬ ನಿಲುವಿಗೆ ಬಂದಿದೆ. ಭಾಷೆಯಲ್ಲಿಯೂ ಈ ಅರಿವು ಉಳಿದಿದೆ. ರಕ್ತಸಂಬಂಧವನ್ನು ‘ಕರುಳಬಳ್ಳಿ’ ಎನ್ನುವ ಕನ್ನಡಿಗರು ವಂಶವನ್ನು ‘ಬಳ್ಳಿ’ಯೆಂದೂ ಸಂತಾನವನ್ನು ‘ಕುಡಿ’ಯೆಂದೂ ಕರೆಯುತ್ತಾರೆ.

ಇನ್ನೂ ಮುಖ್ಯವಾದದ್ದು ಸೂಲಗಿತ್ತಿಯ ಕೈ. ಹೊಟ್ಟೆಯ ಮೇಲೆ ಹರಳೆಣ್ಣೆ ಸವರಿ ನೀವುತ್ತಾ ಮಗುವಿನ ತಲೆ, ಬೆನ್ನು, ಅಂಡುಗಳನ್ನು ಗುರುತಿಸುವುದು, ಅಡ್ಡವಿದ್ದರೆ ಮೆಲ್ಲನೆ ನೇರಕ್ಕೆ ತರಲು ಯತ್ನಿಸುವುದು ಅವಳ ವಿದ್ಯೆಯ ಭಾಗ. ನರಸಮ್ಮನವರು ಮುಟ್ಟಿ ನೋಡಿಯೇ ಗರ್ಭದಲ್ಲಿನ ಮಗುವಿನ ಸ್ಥಿತಿಯನ್ನು ಹೇಳುತ್ತಿದ್ದರೆಂದು ಅವರ ಬಗೆಗಿನ ಬರಹಗಳು ತಿಳಿಸುತ್ತವೆ. ಅಡ್ಡ ಮಲಗಿದ ಮಗುವಿನಲ್ಲಿಯೇ ಬಳ್ಳಿ ಜಾರುವ ಅಪಾಯ ಹೆಚ್ಚು. ಆದ್ದರಿಂದ ನುರಿತ ಕೈ ಮಗುವನ್ನು ನೇರಗೊಳಿಸಿದಾಗಲೆಲ್ಲ ಈ ಸಂಕಟವೂ ತಪ್ಪುವ ಸಾಧ್ಯತೆ ಇತ್ತು. ತಪ್ಪಿದ ಅನಾಹುತಕ್ಕೆ ಲೆಕ್ಕವಿಲ್ಲವಾದ್ದರಿಂದ ಈ ಕೊಡುಗೆ ಯಾವ ದಾಖಲೆಗೂ ಸೇರಿಲ್ಲ.

ತಡೆಯ ಕಲ್ಪನೆ ಮತ್ತು ಅದರ ಮಿತಿ

ಕಷ್ಟದ ಹೆರಿಗೆಯನ್ನು ಜನಪದರು ಗ್ರಹಿಸುವುದು ‘ತಡೆ’ ಎಂಬ ಕಲ್ಪನೆಯ ಮೂಲಕ. ಮಗು ಬರುತ್ತಿಲ್ಲವೆಂದರೆ ಏನೋ ಅಡ್ಡಗಟ್ಟಿದೆ. ಆದುದರಿಂದ ಪರಿಹಾರಗಳೆಲ್ಲ ತೆರೆಯುವ, ಬಿಚ್ಚುವ ಕ್ರಿಯೆಗಳು. ಮನೆಯ ಬೀಗಗಳನ್ನು ತೆಗೆಯುವುದು, ಗಂಟುಗಳನ್ನು ಸಡಿಲಿಸುವುದು, ಬಸುರಿಯ ತುರುಬು ಬಿಚ್ಚುವುದು ಇಂತಹವು. ಚಕ್ರವ್ಯೂಹದ ರೇಖಾಚಿತ್ರವನ್ನು ಬರೆದು ಬೇನೆಯವಳಿಗೆ ತೋರಿಸುವ, ಅಥವಾ ತೊಳೆದು ಕುಡಿಸುವ ಪದ್ಧತಿ ಭಾರತದ ಹಲವೆಡೆ ಇತ್ತು. ಸುತ್ತುಗಳ ನಡುವೆ ಸಿಲುಕಿದವನಿಗೆ ಹೊರದಾರಿ ಕಾಣಿಸುವುದೇ ಅದರ ಆಶಯ. ಇವು ಅನುಕರಣ ಮಾಂತ್ರಿಕತೆಗೆ ಸೇರಿದ ಕ್ರಿಯೆಗಳೆಂದು ಜಾನಪದ ವಿದ್ವಾಂಸರು ವಿವರಿಸಿದ್ದಾರೆ. ಕುಕ್ಕರಗಾಲಿನಲ್ಲಿ ಕೂರಿಸುವುದು, ತೊಲೆಗೆ ಕಟ್ಟಿದ ಹಗ್ಗ ಹಿಡಿಸುವುದು, ಅಡ್ಡಾಡಿಸುವುದು ಮೊದಲಾದ ಶಾರೀರಿಕ ಕ್ರಮಗಳೂ ಮಗುವನ್ನು ಕೆಳಗಿಳಿಸುವ ಉದ್ದೇಶದವೇ. ಸಹಜ ಹೆರಿಗೆಯಲ್ಲಿ ಇವು ಉಪಯುಕ್ತವೆಂಬುದನ್ನು ಇಂದಿನ ವೈದ್ಯಕೀಯವೂ ಒಪ್ಪುತ್ತದೆ.

ಬಳ್ಳಿ ಮುಂದಾದ ಹೆರಿಗೆ ಈ ಕಲ್ಪನೆಗೆ ನೇರ ವಿರುದ್ಧವಾದದ್ದು. ಇಲ್ಲಿನ ಕೇಡು ತಡೆಯಿಂದ ಬಂದದ್ದಲ್ಲ. ಬರಬಾರದ್ದು ಮೊದಲೇ ಬಂದದ್ದರಿಂದ ಆದದ್ದು. ಬಾಯಿ ಪೂರ್ತಿ ತೆರೆಯದಿದ್ದಾಗ ಮಗುವನ್ನು ಕೆಳಗಿಳಿಸಿದಷ್ಟೂ ಬಳ್ಳಿ ಹೆಚ್ಚು ಅದುಮಲ್ಪಡುತ್ತದೆ. ಆದುದರಿಂದ ಮಾಡಬೇಕಾದದ್ದು ತದ್ವಿರುದ್ಧ: ತಾಯಿ ಮಂಡಿಯೂರಿ, ಎದೆಯನ್ನು ನೆಲಕ್ಕೆ ತಾಗಿಸಿ, ಸೊಂಟವನ್ನು ಮೇಲೆತ್ತಬೇಕು, ಇಲ್ಲವೇ ಸೊಂಟದ ಕೆಳಗೆ ದಿಂಬಿಟ್ಟು ಎಡಮಗ್ಗುಲಾಗಬೇಕು. ಸಹಾಯಕಿ ಒಳಗೆ ಕೈಯಿಟ್ಟು ಮಗುವಿನ ತಲೆಯನ್ನು ಬಳ್ಳಿಯಿಂದ ಮೇಲಕ್ಕೆ ಎತ್ತಿಹಿಡಿಯಬೇಕು. ಬಳ್ಳಿಯನ್ನು ಆದಷ್ಟು ಮುಟ್ಟಬಾರದು. ಶಸ್ತ್ರಕ್ರಿಯೆ ಆಗುವವರೆಗೆ ಆ ಕೈ ಕದಲಬಾರದು. ಸಾವಿರಾರು ಸಹಜ ಹೆರಿಗೆಗಳಲ್ಲಿ ಸತ್ಯವೆಂದು ಕಂಡ ಅನುಭವವೇ ಈ ಒಂದು ಹೆರಿಗೆಯಲ್ಲಿ ದಾರಿ ತಪ್ಪಿಸುವಂತಹದು. ಸೂಲಗಿತ್ತಿಯೊಬ್ಬಳು ತನ್ನ ಆಯುಷ್ಯದಲ್ಲಿ ಒಂದೆರಡು ಬಾರಿ ಕಾಣಬಹುದಾದ, ಕೆಲವರು ಕಾಣದೆಯೇ ಹೋಗಬಹುದಾದ ಈ ಸಂಕಟಕ್ಕೆ ಅನುಭವದಿಂದಲೇ ಪರಿಹಾರ ಕಂಡುಕೊಳ್ಳುವುದು ಸುಲಭವಲ್ಲ. ಕಂಡುಕೊಂಡಿದ್ದರೂ, ಎತ್ತಿಹಿಡಿದ ಕೈ ಯಾರನ್ನು ಕಾಯಬೇಕಾಗಿತ್ತು? ಹಳ್ಳಿಯಲ್ಲಿ ಶಸ್ತ್ರವೈದ್ಯನಿರಲಿಲ್ಲ.

ನಂಬಿಕೆಗಳ ಲೋಕದಲ್ಲಿನ ಮೌನ

ಹುಟ್ಟಿನ ವೈಪರೀತ್ಯಗಳಿಗೆ ಜನಪದ ನಂಬಿಕೆಗಳ ಲೋಕದಲ್ಲಿ ಖಚಿತ ಸ್ಥಾನಗಳಿವೆ. ಕೊರಳಿಗೆ ಬಳ್ಳಿ ಸುತ್ತಿಕೊಂಡು ಬಂದ ಕೂಸು ‘ಮಾಲೆ ಹಾಕಿಕೊಂಡು’ ಹುಟ್ಟಿದ ಕೂಸು. ಅದು ಸೋದರಮಾವನಿಗೆ ಆಗದು ಎಂಬ ನಂಬಿಕೆ ಕನ್ನಡ, ತೆಲುಗು, ತಮಿಳು ನಾಡುಗಳಲ್ಲೆಲ್ಲ ಹರಡಿದೆ. ಮಾವನಾದವನು ಮಗುವಿನ ಮುಖವನ್ನು ಮೊದಲು ಎಣ್ಣೆಯಲ್ಲಿ ನೋಡಿ ದೋಷ ಕಳೆದುಕೊಳ್ಳುವ ಶಾಸ್ತ್ರವೂ ಇದೆ. ಕಾಲು ಮುಂದಾಗಿ ಹುಟ್ಟಿದವರು ತುಳಿದರೆ ಬೆನ್ನಿನ ಉಳುಕು ಹೋಗುತ್ತದೆ ಎಂಬುದು ಇನ್ನೊಂದು ವ್ಯಾಪಕ ನಂಬಿಕೆ. ಅಡ್ಡಿ ದಾಟಿ ಬಂದವರಲ್ಲಿ ಜನಪದರು ಕೇಡನ್ನೋ ಶಕ್ತಿಯನ್ನೋ ಗುರುತಿಸಿದ್ದಾರೆ. ಆದರೆ ಬಳ್ಳಿ ಮುಂದಾಗಿ ಹುಟ್ಟಿದವರನ್ನು ಕುರಿತು ಇವಕ್ಕೆ ಸಮಾನವಾದ ವ್ಯಾಪಕ ನಂಬಿಕೆ ಕಂಡುಬರುವುದಿಲ್ಲ. ಇದಕ್ಕೆ ಕಾರಣ ಊಹಿಸುವುದು ಕಷ್ಟವಲ್ಲ. ನಂಬಿಕೆ ಅಂಟಿಕೊಳ್ಳಲು ಬದುಕಿ ಉಳಿದ ವ್ಯಕ್ತಿ ಬೇಕು. ಮಾಲೆ ಹಾಕಿಕೊಂಡ ಕೂಸುಗಳಲ್ಲಿ ಹೆಚ್ಚಿನವು ಉಳಿದವು. ಕಾಲು ಮುಂದಾದವುಗಳಲ್ಲಿಯೂ ಹಲವು ಉಳಿದವು. ಬಳ್ಳಿ ಮುಂದಾದ ಕೂಸು ಉಳಿಯಲಿಲ್ಲ.

ಹೆರಿಗೆಯಲ್ಲಿ ಸತ್ತ ತಾಯಂದಿರಿಗೆ ಜನಪದ ಸ್ಮೃತಿಯಲ್ಲಿ ಎಡೆಯಿದೆ. ತಮಿಳುನಾಡಿನ ಹಾದಿಬದಿಗಳಲ್ಲಿ ‘ಸುಮೈತಾಂಗಿ’ ಎಂಬ ಹೊರೆಗಲ್ಲುಗಳನ್ನು ಬಸುರಿಯಾಗಿಯೇ ಸತ್ತ ಹೆಣ್ಣಿನ ನೆನಪಿಗೆ ನಿಲ್ಲಿಸುವ ರೂಢಿಯಿತ್ತು. ಇಳಿಸಲಾಗದ ಹೊರೆಯೊಡನೆ ಸತ್ತವಳ ಹೆಸರಿನಲ್ಲಿ ದಾರಿಹೋಕರ ಹೊರೆ ಇಳಿಯಲಿ ಎಂಬುದು ಅದರ ಆಶಯ. ಕರ್ನಾಟಕದಲ್ಲಿ ಬಾಣಂತಿಯ ಹೆಸರಿನ ಬೆಟ್ಟ, ಮಾರಿಗಳಿವೆ. ಕನಕಪುರದ ಬಳಿಯ ಬಾಣಂತಿಮಾರಿ ಬೆಟ್ಟ ಇದಕ್ಕೆ ನಿದರ್ಶನ. ಅತೃಪ್ತಳಾಗಿ ಸತ್ತ ಬಾಣಂತಿ ದೆವ್ವವಾಗುತ್ತಾಳೆಂಬ ಕಥೆಗಳೂ ಹೇರಳ. ಬಳ್ಳಿ ಮುಂದಾದ ಹೆರಿಗೆಯಲ್ಲಿ ತಾಯಿ ಸಾಮಾನ್ಯವಾಗಿ ಉಳಿಯುತ್ತಾಳೆ. ಹೆಸರಿಡುವ ಮೊದಲೇ ಸತ್ತ ಕೂಸನ್ನು ಹೆಚ್ಚಿನ ವಿಧಿಗಳಿಲ್ಲದೆ ಹೂಳುವುದು ರೂಢಿ. ಆದುದರಿಂದ ಇಲ್ಲಿ ಕಲ್ಲೂ ಇಲ್ಲ, ಮಾರಿಯೂ ಇಲ್ಲ, ದೆವ್ವವೂ ಇಲ್ಲ. ‘ಹೆತ್ತದ್ದು ಎಂಟು, ಉಳಿದದ್ದು ಮೂರು’ ಎಂದು ಹಳ್ಳಿಯ ಮುದುಕಿಯರು ಹೇಳುವ ಲೆಕ್ಕದಲ್ಲಿ ಮಾತ್ರ ಇಂತಹ ಕೂಸುಗಳು ಸೇರಿವೆ. ಪರಂಪರೆಯ ಈ ಮೌನವನ್ನು ಅಜ್ಞಾನವೆಂದು ಓದುವುದು ತಪ್ಪಾಗುತ್ತದೆ. ಸ್ಮೃತಿ ಯಾವುದನ್ನು ಉಳಿಸಿಕೊಳ್ಳುತ್ತದೆ, ಯಾವುದನ್ನು ಬಿಡುತ್ತದೆ ಎಂಬುದರ ನಿದರ್ಶನವಾಗಿ ಅದನ್ನು ಓದಬೇಕು.

ಆಸ್ಪತ್ರೆಯ ಚರಿತ್ರೆ

ಈ ಅಸಹಾಯಕತೆ ಇಲ್ಲಿನ ಹಳ್ಳಿಗಳಿಗೆ ಮಾತ್ರ ಸೀಮಿತವಾಗಿರಲಿಲ್ಲ. ಫ್ರಾನ್ಸಿನ ರಾಣಿ ಮರಿ ದ ಮೆದಿಚಿಯ ಹೆರಿಗೆಗಳನ್ನು ಮಾಡಿಸಿದ ಲೂಯೀಸ್ ಬೂರ್ಜ್ವಾ ಎಂಬ ಸೂಲಗಿತ್ತಿ 1609ರಲ್ಲಿ ಪ್ರಕಟವಾದ ತನ್ನ ಕೃತಿಯಲ್ಲಿ ಬಳ್ಳಿ ಮುಂದಾಗುವ ಪ್ರಸಂಗವನ್ನು ಪ್ರಸ್ತಾಪಿಸಿದ್ದಾಳೆ. ಅಲ್ಲಿಂದ ಎರಡು ಶತಮಾನಗಳ ಕಾಲ ಯುರೋಪಿನ ವೈದ್ಯರ ಮುಂದಿದ್ದ ಉಪಾಯಗಳು ಎರಡೇ: ಬಳ್ಳಿಯನ್ನು ಮತ್ತೆ ಒಳಕ್ಕೆ ಸೇರಿಸುವುದು, ಇಲ್ಲವೇ ಒಳಗೆ ಕೈಹಾಕಿ ಮಗುವನ್ನು ತಿರುಗಿಸಿ ಕಾಲು ಹಿಡಿದೆಳೆಯುವುದು. ಗರ್ಭದಲ್ಲಿರುವ ಮಗುವಿನ ಎದೆಬಡಿತವನ್ನು ಹೊರಗಿನಿಂದ ಆಲಿಸಬಹುದೆಂದು ತಿಳಿದದ್ದೇ 1818ರಿಂದ 1821ರ ನಡುವೆ. ಮಂಡಿಯೂರಿ ಸೊಂಟ ಎತ್ತುವ ಭಂಗಿಯನ್ನು ನ್ಯೂಯಾರ್ಕಿನ ವೈದ್ಯ ಗೇಲಾರ್ಡ್ ಥಾಮಸ್ 1858ರಲ್ಲಿ ಪ್ರತಿಪಾದಿಸಿದ. 1882ರಲ್ಲಿ ಜರ್ಮನಿಯ ಮ್ಯಾಕ್ಸ್ ಸೆಂಗರ್ ಗರ್ಭಾಶಯಕ್ಕೆ ಹೊಲಿಗೆ ಹಾಕುವ ಕ್ರಮವನ್ನು ರೂಢಿಸಿದ ಮೇಲೆಯೇ ಸಿಸೇರಿಯನ್ ಶಸ್ತ್ರಕ್ರಿಯೆ ತಾಯಿಗೆ ಬದುಕುವ ಭರವಸೆ ನೀಡತೊಡಗಿತು. 20ನೆಯ ಶತಮಾನದ ಮೊದಲಾರ್ಧದಲ್ಲಿಯೂ ಪಾಶ್ಚಾತ್ಯ ಆಸ್ಪತ್ರೆಗಳಲ್ಲಿ ಬಳ್ಳಿ ಮುಂದಾದ ಮಕ್ಕಳಲ್ಲಿ ಮೂರನೆಯ ಒಂದು ಭಾಗದಿಂದ ಅರ್ಧದ ಸಮೀಪದವರೆಗೆ ಸಾಯುತ್ತಿದ್ದವು. ಶಸ್ತ್ರಕ್ರಿಯೆ, ಅರಿವಳಿಕೆ, ರಕ್ತಪೂರಣ, ಪ್ರತಿಜೈವಿಕ ಔಷಧಗಳು ಒಂದೇ ಚಾವಣಿಯಡಿ ಬಂದ ಮೇಲೆ ಈ ಪ್ರಮಾಣ ಸುಸಜ್ಜಿತ ಆಸ್ಪತ್ರೆಗಳಲ್ಲಿ ನೂರಕ್ಕೆ ಹತ್ತಕ್ಕಿಂತ ಕೆಳಗಿಳಿಯಿತು.

ಭಾರತದಲ್ಲಿ ಮದ್ರಾಸಿನ ಸರ್ಕಾರಿ ಹೆರಿಗೆ ಆಸ್ಪತ್ರೆ 1844ರಲ್ಲಿಯೇ ಆರಂಭವಾಗಿತ್ತು. 1885ರಲ್ಲಿ ಡಫರಿನ್ ನಿಧಿ, 1903ರಲ್ಲಿ ಸೂಲಗಿತ್ತಿಯರ ತರಬೇತಿಗಾಗಿ ವಿಕ್ಟೋರಿಯಾ ಸ್ಮಾರಕ ನಿಧಿ ಸ್ಥಾಪನೆಗೊಂಡವು. ಹೆರಿಗೆಯ ಸ್ಥಿತಿಗತಿಗಳನ್ನು ಕುರಿತು 1918ರಲ್ಲಿ ಪ್ರಕಟವಾದ ವರದಿ ಈ ಕಾಲದ ಧೋರಣೆಗೆ ಕನ್ನಡಿ. ಸೂಲಗಿತ್ತಿಯ ಕೈಯ ಕೊಳೆ, ಕತ್ತರಿಸುವ ಆಯುಧ, ಬಳ್ಳಿಗೆ ಹಚ್ಚುವ ಬೂದಿ ಇವುಗಳ ಮೇಲೆ ಅಂದಿನ ಟೀಕೆ ಕೇಂದ್ರೀಕೃತವಾಗಿತ್ತು. ಆ ಟೀಕೆಯಲ್ಲಿ ಸತ್ಯಾಂಶವಿತ್ತು. ಕುಡುಗೋಲು, ಬಿದಿರ ಸಿಬಿರುಗಳಿಂದ ಕತ್ತರಿಸಿದ ಬಳ್ಳಿಯ ಮೂಲಕ ತಗಲುತ್ತಿದ್ದ ಧನುರ್ವಾಯು ಅಸಂಖ್ಯ ಎಳೆಗೂಸುಗಳನ್ನು ಕೊಂದಿದೆ. ಶುಚಿತ್ವದ ತರಬೇತಿ ಮತ್ತು ಬಸುರಿಯರಿಗೆ ನೀಡಿದ ಚುಚ್ಚುಮದ್ದುಗಳ ಫಲವಾಗಿ 2015ರಲ್ಲಿ ಭಾರತ ಎಳೆಗೂಸಿನ ಧನುರ್ವಾಯುವನ್ನು ನಿವಾರಿಸಿದ ದೇಶವೆಂದು ಮಾನ್ಯತೆ ಪಡೆಯಿತು. ಆದರೆ ಶುಚಿಯಾದ ಕೈಯೊಂದೇ ಬಳ್ಳಿ ಮುಂದಾದ ಕೂಸನ್ನು ಉಳಿಸಲಾರದು. ಅದಕ್ಕೆ ಬೇಕಾದದ್ದು ಸಮೀಪದ ಶಸ್ತ್ರಾಗಾರ. ಬೆಂಗಳೂರಿನಲ್ಲಿ ವಾಣಿವಿಲಾಸ ಆಸ್ಪತ್ರೆ 1935ರಲ್ಲಿ ಆರಂಭಗೊಂಡಿತು. 1930ರ ದಶಕದಲ್ಲಿ ರಾಕ್‌ಫೆಲರ್ ಪ್ರತಿಷ್ಠಾನದ ನೆರವಿನಿಂದ ಕ್ಲೋಸ್‌ಪೇಟೆಯಲ್ಲಿ, ಎಂದರೆ ರಾಮನಗರದಲ್ಲಿ, ಗ್ರಾಮೀಣ ಆರೋಗ್ಯ ಘಟಕ ಕೆಲಸ ಮಾಡಿತು. ಇವುಗಳ ಮಹತ್ವ ದೊಡ್ಡದು. ಆದರೆ ಎತ್ತಿನ ಗಾಡಿಯಲ್ಲಿ ಒಂದು ದಿನದ ಹಾದಿಯಾದ ಹಳ್ಳಿಗೆ ಪೇಟೆಯ ಶಸ್ತ್ರಾಗಾರವಿದ್ದೂ ಇಲ್ಲದಂತೆ.

ಬದಲಾದ ಕಾಲ

ಕರ್ನಾಟಕದಲ್ಲಿ ಹೆರಿಗೆಯ ಸ್ಥಳ ಬದಲಾದದ್ದು ಈಚಿನ ಎರಡು ದಶಕಗಳಲ್ಲಿ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ ಪ್ರಕಾರ 2005–06ರಲ್ಲಿ ರಾಜ್ಯದ ಹೆರಿಗೆಗಳಲ್ಲಿ ನೂರಕ್ಕೆ ಸುಮಾರು 65ರಷ್ಟು ಆಸ್ಪತ್ರೆಗಳಲ್ಲಿ ನಡೆದಿದ್ದವು. 2019–20ರ ಹೊತ್ತಿಗೆ ಇದು 97ಕ್ಕೆ ಏರಿತು. 2005ರ ಜನನಿ ಸುರಕ್ಷಾ ಯೋಜನೆ, 2007ರ ಮಡಿಲು ಯೋಜನೆ, 2008ರ ಆರೋಗ್ಯ ಕವಚ 108 ವಾಹನ ಸೇವೆ ಈ ಬದಲಾವಣೆಗೆ ನೆರವಾದವು. ಇದರಿಂದ ಉಳಿದ ಜೀವಗಳ ಮುಂದೆ ಸೂಲಗಿತ್ತಿ ಪರಂಪರೆ ಕಣ್ಮರೆಯಾಯಿತೆಂಬ ವಿಷಾದ ದೊಡ್ಡದಲ್ಲ. ಹಾಗೆಂದು ಆಸ್ಪತ್ರೆಯೂ ಈ ಸಂಕಟದಿಂದ ಮುಕ್ತವಲ್ಲ. ತಲೆ ಇನ್ನೂ ಮೇಲಿರುವಾಗಲೇ ನೀರಿನ ಚೀಲವನ್ನು ಒಡೆಯುವಂತಹ ವೈದ್ಯಕೀಯ ಕ್ರಿಯೆಗಳಿಂದಲೂ ಬಳ್ಳಿ ಜಾರುವುದುಂಟು. ಕಾಯುವ ತಾಳ್ಮೆಯನ್ನು ಸೂಲಗಿತ್ತಿಯಿಂದ ಕಲಿಯಬೇಕೆನ್ನುವ ಮಾತಿಗೆ ಇಲ್ಲಿ ಅರ್ಥವಿದೆ.

ಉಳಿದ ನೂರಕ್ಕೆ ಮೂರರಷ್ಟು ಹೆರಿಗೆಗಳನ್ನೂ ಮರೆಯುವಂತಿಲ್ಲ. ಕಾಡಿನ ಹಾಡಿ, ದೂರದ ತಾಂಡಾ, ಹೊಳೆಯಾಚೆಯ ಊರುಗಳಿಗೆ ವಾಹನ ತಲುಪುವಷ್ಟರಲ್ಲಿ ನೀರು ಒಡೆದಿರುತ್ತದೆ. ಸೂತಕದ ಕಾರಣಕ್ಕೆ ಬಸುರಿಯನ್ನೂ ಬಾಣಂತಿಯನ್ನೂ ಹಟ್ಟಿಯ ಹೊರಗಿನ ಗುಡಿಸಲಿನಲ್ಲಿ ಇರಿಸುವ ಪದ್ಧತಿ ಕಾಡುಗೊಲ್ಲರಂತಹ ಸಮುದಾಯಗಳಲ್ಲಿ ದಾಖಲಾಗಿದೆ. ನಿಮಿಷಗಳೇ ನಿರ್ಣಾಯಕವಾದ ಸಂಕಟದಲ್ಲಿ ಇಂತಹ ಪ್ರತ್ಯೇಕತೆಯ ಬೆಲೆಯನ್ನು ಆಚರಣೆಯ ಅಧ್ಯಯನಕಾರರು ಕಡೆಗಣಿಸುವಂತಿಲ್ಲ.

ಉಪಸಂಹಾರ

ಬಳ್ಳಿ ಮುಂದಾದ ಹೆರಿಗೆಯ ಚರಿತ್ರೆಯಿಂದ ಮೂರು ಸಂಗತಿಗಳು ಸ್ಪಷ್ಟವಾಗುತ್ತವೆ. ಸೂಲಗಿತ್ತಿಯ ಅರಿವು ಗಾಢವಾದದ್ದು, ಆದರೆ ಅದು ಸಹಜ ಹೆರಿಗೆಯ ಪುನರಾವರ್ತಿತ ಅನುಭವದಿಂದ ರೂಪುಗೊಂಡದ್ದು. ವಿರಳವೂ ವೇಗದ್ದೂ ಆದ ಸಂಕಟದಲ್ಲಿ ಅದಕ್ಕೆ ಮಿತಿಗಳಿದ್ದವು. ಈ ಸಂಕಟದಲ್ಲಿ ಕೂಸುಗಳು ಸತ್ತದ್ದಕ್ಕೆ ಅವಳ ಕೈಗಿಂತ ಶಸ್ತ್ರಾಗಾರದ ದೂರವೇ ಹೆಚ್ಚು ಹೊಣೆ. ಅವಳನ್ನು ಹಳಿದವರೂ ಹೊಗಳಿದವರೂ ಗಮನಿಸದೆ ಹೋದದ್ದು ಈ ದೂರವನ್ನು. ಕೊನೆಯದಾಗಿ, ಬದುಕಿ ಉಳಿದವರ ಹಾಡು, ನಂಬಿಕೆಗಳನ್ನು ಮಾತ್ರ ಸಂಗ್ರಹಿಸುವ ಜಾನಪದ ಅಧ್ಯಯನಕ್ಕೆ ಹುಟ್ಟಿನ ಚರಿತ್ರೆಯ ಅರ್ಧ ಭಾಗವೇ ದೊರೆಯುತ್ತದೆ.

ಮನೆಯಲ್ಲಿಯೇ ಹೆತ್ತ ತಲೆಮಾರಿನ ತಾಯಂದಿರೂ ಹೆರಿಗೆ ಮಾಡಿಸಿದ ಸೂಲಗಿತ್ತಿಯರೂ ಈಗ ಇಳಿವಯಸ್ಸಿನವರು. ಹೆತ್ತದ್ದೆಷ್ಟು, ಉಳಿದದ್ದೆಷ್ಟು ಎಂಬ ಲೆಕ್ಕದ ಹಿಂದಿನ ವಿವರಗಳನ್ನು, ಕೂಸು ಹೇಗೆ ಬಂತು, ಮೊದಲು ಏನು ಕಂಡಿತು, ಆಗ ಕೈ ಏನು ಮಾಡಿತು ಎಂಬುದನ್ನು ಅವರ ಮಾತಿನಲ್ಲಿಯೇ ದಾಖಲಿಸುವ ಕ್ಷೇತ್ರಕಾರ್ಯ ಜರೂರಾಗಿ ನಡೆಯಬೇಕಾಗಿದೆ. ಹಾಗೆಯೇ ಮಂಡಿಯೂರಿ ಸೊಂಟ ಎತ್ತುವ, ತಲೆಯನ್ನು ಎತ್ತಿಹಿಡಿಯುವ ತುರ್ತು ಕ್ರಮಕ್ಕೆ ಯಾವ ಉಪಕರಣವೂ ಬೇಕಿಲ್ಲ. ಆಶಾ ಕಾರ್ಯಕರ್ತೆಯರ ಮೂಲಕ, ಹಳ್ಳಿಯ ಹೆಂಗಸರಿಗೆ ಒಗ್ಗಿದ ಮಾತಿನಲ್ಲಿ ಅದು ಕೈಯಿಂದ ಕೈಗೆ ದಾಟಬಲ್ಲದು. ಸೂಲಗಿತ್ತಿಯ ವಿದ್ಯೆ ಇಷ್ಟು ಕಾಲ ಉಳಿದುಬಂದದ್ದೂ ಅದೇ ಹಾದಿಯಲ್ಲಿ.